ಮೆಲ್ಲಗೆ, ಕೆಳಗೆ ಮನೆಯಿದೆ

ಉಟ್ರೆಕ್ಟ್‌ನಲ್ಲಿ ರೈಲು ತಪ್ಪಿತು. ಮುಂದಿನದಕ್ಕೆ ಎರಡು ಗಂಟೆ.
ತಪ್ಪು ನನ್ನದೇ, ಕಾಫಿಗೆ ಸಕ್ಕರೆ ಹುಡುಕುತ್ತ ನಿಂತಿದ್ದೆ.
ಹೀಗಾಗಿ ಹನ್ನೊಂದನೆಯವನಾಗಿ ಸೇರಿಕೊಂಡೆ
ಹಸಿರು ಕೊಡೆಯೊಂದರ ಹಿಂದೆ.
ಮಳೆಯೇನಿರಲಿಲ್ಲ. ಕೊಡೆ ಬರೀ ಗುರುತಿಗೆ.

ಹಿಡಿದವಳು ಮೆಖ್ತೆಲ್ಡ್:
ಅರವತ್ತು ದಾಟಿದ ಮೊಣಕಾಲು, ಇಪ್ಪತ್ತರ ಗಂಟಲು.
ಬಾತುಮರಿ ಎಣಿಸುವ ಹಾಗೆ ನಮ್ಮನ್ನೆಣಿಸಿ ಅಂದಳು,
"ಬೇಗ ಸುಸ್ತಾಗುವವರು ಮುಂದೆ ಬನ್ನಿ,
ಎಲ್ಲ ಬಲ್ಲವರು ಹಿಂದೆ."
ರೊಂಬೌಟ್ ಎಂಬ ನಿವೃತ್ತ ಮೇಷ್ಟ್ರು
ಯಾರೂ ಹೇಳದೆಯೇ ಹಿಂದೆ ಹೋಗಿ ನಿಂತರು.

"ನೀವೀಗ ನಿಂತದ್ದು ಬೀದಿಯಲ್ಲ," ಅಂದಳು ಮೊದಲು,
"ಯಾರದೋ ಚಾವಣಿ."
ಎಲ್ಲರೂ ಕಾಲು ನೋಡಿಕೊಂಡೆವು,
ಸಗಣಿ ತುಳಿದವರ ಹಾಗೆ.

ಕಾಲುವೆ ಆಳದಲ್ಲಿತ್ತು. ಅದರಂಚಿಗೆ ಉದ್ದ ಕಟ್ಟೆ,
ಕಟ್ಟೆಗೆ ತೆರೆದ ಬಾಗಿಲುಗಳ ಸಾಲು.
ಒಳಗೆ ಇಟ್ಟಿಗೆಯ ಕಮಾನು ಕಮಾನಾಗಿ ನೆಲಮನೆ,
ನಾವು ನಿಂತ ಕಲ್ಲಿನಡಿಯಲ್ಲೇ ನುಸುಳಿ
ಆಚೆ ಮನೆಯ ಹೊಟ್ಟೆ ಸೇರುವುದಂತೆ.
ರೈನ್ ಕಡೆಯ ವೈನು, ಉಪ್ಪು, ಉಣ್ಣೆಬಟ್ಟೆ
ದೋಣಿಯಿಂದಿಳಿದು, ಬೀದಿಯ ಕಣ್ಣಿಗೆ ಬೀಳದೆ
ಒಳಗೊಳಗೇ ಮನೆಗೆ ಬರುತ್ತಿದ್ದವಂತೆ.

ಅಪ್ಪನ ಹೆಗಲ ಮೇಲಿನ ಹುಡುಗಿ ಕೇಳಿದಳು:
"ಸೋರಲ್ವಾ?"

ನಗಲಿಲ್ಲ ಮೆಖ್ತೆಲ್ಡ್. "ಸೋರುತ್ತೆ ಚಿನ್ನಾ.
ನಮ್ಮನೆಯದು ಸೋರುತ್ತೆ.
ಇಲ್ಲೊಂದು ಮರವಿತ್ತು ನೋಡು, ದೊಡ್ಡದು,
ಅದರ ಬೇರು ಒಂದು ದಿನ ನಮ್ಮ ಅಡುಗೆಮನೆಗೆ ಬಂತು.
ಕಡಿದರು. ಮರವನ್ನ.
ನಿಮ್ಮಪ್ಪನಿಗೆ ಹೇಳು, ಮೆಲ್ಲಗೆ ನಡೀಲಿಕ್ಕೆ."
ಅಪ್ಪ ನಿಜಕ್ಕೂ ತುದಿಗಾಲಲ್ಲಿ ನಡೆದ,
ಮುಂದಿನ ತಿರುವಿನವರೆಗೆ.

ಚೌಕಕ್ಕೆ ಬಂದೆವು. ಈ ಕಡೆ ಗೋಪುರ,
ಆ ಕಡೆ ಇಗರ್ಜಿ,
ನಡುವೆ ಒಡಲಿಲ್ಲ. ಸೈಕಲ್ಲುಗಳು ಹಾದುಹೋಗುತ್ತಿದ್ದವು
ಒಂದು ಕಾಲಕ್ಕೆ ಜನ ಮೊಣಕಾಲೂರಿದ ಜಾಗದಲ್ಲಿ.
ಸಾವಿರದ ಆರುನೂರ ಎಪ್ಪತ್ತನಾಲ್ಕು, ಆಗಸ್ಟಿನ ಒಂದು ಸಂಜೆ,
ಬಿರುಗಾಳಿ ಬಂದು ನಡುಭಾಗ ಕೆಡವಿತು.
ಹಿಂದಿನಿಂದ ರೊಂಬೌಟ್: "ಗಾಳಿಯದೊಂದೇ ತಪ್ಪಲ್ಲ.
ದುಡ್ಡು ಸಾಲದೆ ಸಡಿಲ ಕಟ್ಟಿದ್ದರು."
"ಎರಡೂ ಹೌದು," ಅಂದಳು.
"ಆದರೆ ಬಿದ್ದ ಕಲ್ಲನ್ನು ನೂರೈವತ್ತು ವರ್ಷ
ಯಾರೂ ಎತ್ತಲಿಲ್ಲ, ಅದು ಗೊತ್ತಾ?
ನನಗದು ಅರ್ಥವಾಗುತ್ತದೆ.
ನಮ್ಮವರ ಅಂಗಿಗಳಿನ್ನೂ ಗೂಟದಲ್ಲೇ ಇವೆ."
ಕೊಡೆಯನ್ನೊಮ್ಮೆ ತಿರುಗಿಸಿದಳು. "ಬನ್ನಿ, ಬಿಸಿಲಿದೆ."

ಮತ್ತೆ ಕಾಲುವೆ. ಸೇತುವೆ. ಹಳೆಯ ಮರದ ಕ್ರೇನಿನ ಕತೆ
ಅರ್ಧಕ್ಕೆ ಬಂದಿತ್ತು, ಕಮಾನಿನಡಿಯಿಂದ
ಸದ್ದಿಲ್ಲದ ಬ್ಯಾಟರಿ ದೋಣಿ ಮೂತಿ ಹಾಕಿತು,
ಮೈತುಂಬ ಬಿಯರ್ ಪೀಪಾಯಿ.
ಚುಕ್ಕಾಣಿ ಹಿಡಿದ ಗಡ್ಡದವನು ಕತ್ತೆತ್ತಿ ಕೂಗಿದ:
"ಅಮ್ಮಾ, ಮಧ್ಯಾಹ್ನದ ಗುಳಿಗೆ?"

ಕಿವಿ ಕೆಂಪಗಾಯಿತು ಅವಳದು.
"ತಗೊಂಡೆ! ಹೋಗೋ ಯೋರಿಸ್!"
ನಮ್ಮ ಕಡೆ ತಿರುಗಿ, "ಎಲ್ಲಿದ್ದೆವು?"
"ಹದಿಮೂರನೇ ಶತಮಾನ," ಅಂದರು ರೊಂಬೌಟ್
ಮೊದಲ ಬಾರಿ ಮೆತ್ತಗೆ.

ಕೊನೆಯ ಸೇತುವೆಯ ಮೇಲೆ ಕೊಡೆಯನ್ನು ಅಂಗಾತ ಹಿಡಿದಳು.
ನಾಣ್ಯ ಬಿದ್ದವು, ಒಂದೆರಡು ನೋಟು,
ಹುಡುಗಿಯದೊಂದು ಚೆಸ್ಟ್‌ನಟ್ ಕಾಯಿ.
ಎಲ್ಲರೂ ಚದುರಿದರು. ಗಡಿಯಾರ ನೋಡುತ್ತ ನಾನೊಬ್ಬ ಉಳಿದಿದ್ದೆ,
ಹಾಗಾಗಿ ಕಂಡದ್ದು:
ಕೋಟಿನ ಜೇಬಿನಿಂದ ಸಣ್ಣ ಡಬ್ಬಿ ತೆಗೆದು
ನೀರಿಲ್ಲದೆ ಗುಳಿಗೆ ನುಂಗಿದಳು,
ಕತ್ತು ಹಿಂದಕ್ಕೊಲೆದು, ಕೋಳಿ ನೀರು ಕುಡಿದಂತೆ.

ಆಮೇಲೆ ಕಂಬಿ ಹಿಡಿದು ಮೆಟ್ಟಿಲಿಳಿದಳು, ಒಂದೊಂದೇ.
ಖಾಲಿ ಪೀಪಾಯಿ ಹೊತ್ತು ದೋಣಿ ಮರಳಿತ್ತು.
ಒಂದರ ಮೇಲೆ ಕೂತಳು, ಕೊಡೆ ತೊಡೆಯ ಮೇಲೆ.
ಮಗ ಏನೋ ಕೇಳಿದ, ಅವಳು ಬರಿದೆ ತಲೆಯಾಡಿಸಿದಳು.
ಇಡೀ ಊರು ಎರಡೂ ದಂಡೆಯಲ್ಲಿ ಸರಿಯಿತು,
ಒಂದು ಇಸವಿಯನ್ನೂ ಹೇಳಲಿಲ್ಲ.

ನಿಲ್ದಾಣದತ್ತ ಹೊರಟೆ.
ಕಾಲುವೆ ದಾಟಿ ಎಷ್ಟೋ ದೂರ ಬಂದಿದ್ದೆ,
ಅಲ್ಲಿ ನೆಲದಡಿ ಬರೀ ನೆಲ. ಆದರೂ
ಹಿಮ್ಮಡಿ ಪೂರ್ತಿ ಊರಲಾಗಲಿಲ್ಲ.