ಸಾಲು ಸೊನ್ನೆ

ಮುನ್ನೂರು ಗ್ರೇ ಎಂದು ಬರೆದ ಕಾಗದದ ಲಕೋಟೆ.
ಒಳಗೆ ನಮ್ಮದೇ ಕಗ್ಗ ಭತ್ತ,
ಮೈಯೆಲ್ಲ ಕೆಂಪು, ತುದಿಗೆ ಉದ್ದ ಮೀಸೆ.
ಮುಂಬೈಗೆ ಹೋಗಿ ಬಂದ ಗುರುತು ಎಲ್ಲೂ ಇಲ್ಲ.
ಕುಮಟೆಯಲ್ಲಿ ರೈಲಿಳಿದು
ಮಾಸೂರಿನ ದೋಣಿಯಲ್ಲಿ ಮೂಸಿ ನೋಡಿದೆ:
ಭತ್ತದ ವಾಸನೆ, ಸ್ವಲ್ಪ ಡೀಸೆಲ್ಲು.

ನಾನು ಸಂಸ್ಥೆಯ ಕ್ಷೇತ್ರ ಸಹಾಯಕ, ದಿನಗೂಲಿ.
ಅಪ್ಪ ಸಾಣಿಕಟ್ಟೆಯ ಆಗರದಲ್ಲಿ ಉಪ್ಪು ಎಳೆದವನು.
ಉಪ್ಪು ಬರಲೆಂದು ಅವನು ಬಿಸಿಲು ಕಾದ;
ಉಪ್ಪು ಏರದಿರಲೆಂದು ನಾನು
ಗಜನಿಯ ನೀರಿಗೆ ಮೀಟರು ಅದ್ದುತ್ತೇನೆ.

ಮೇಡಂ ನನಗೆ ಹೇಳಿಕೊಟ್ಟದ್ದು ಇಷ್ಟು:
ಸೀಸದ ಗೋಡೆ, ಒಳಗೆ ಸುತ್ತಲೂ ಕೋಬಾಲ್ಟಿನ ಕಡ್ಡಿ,
ನಡುವೆ ಒಂದು ಡಬ್ಬಿ, ಡಬ್ಬಿಯಲ್ಲಿ ಬೀಜ.
ಕೆಲವು ನಿಮಿಷ.
ಬೆಂಕಿಯಿಲ್ಲ, ಸದ್ದಿಲ್ಲ.
ಒಳಗೆಲ್ಲೋ ಒಂದಕ್ಷರ ಆಚೀಚೆಯಾಗುತ್ತದೆ,
ಎಲ್ಲಿ ಎಂಬುದು ಕಿರಣಕ್ಕೂ ಗೊತ್ತಿಲ್ಲ.

ಗದ್ದೆ ಹೊಸಬಿ ಗೌಡರದ್ದು.
ಒಡ್ಡಿನ ಮೇಲೆ ಕೂತು ಬೇಡಿಕೆ ಇಟ್ಟರು:
"ಮೀಸೆ ಇರ್ಲಿ, ಹಕ್ಕಿ ಹೆದರ್ತದೆ.
ಎತ್ತರ ಇರ್ಲಿ, ಭರತ ಬಂದ್ರೆ ತಲೆ ಮೇಲಿರ್ಬೇಕು.
ಕಾಳು ಉದುರೂದೊಂದು ನಿಲ್ಸೂಕೆ ಹೇಳು, ಸಾಕು."
ಕಿರಣಕ್ಕೆ ಕಿವಿಯಿಲ್ಲಮ್ಮಾ, ಎಂದೆ.
"ಗೊತ್ತುಂಟು."

ಕೊರಳ ಕರಿಮಣಿಯ ರಾಶಿಯನ್ನು ಬದಿಗೆ ಸರಿಸಿದರು.
ಎಡಭುಜದ ಕೆಳಗೆ ಅಂಗೈಯಗಲ ಕಪ್ಪು,
ಹೊಲಿಗೆಯಿಲ್ಲದ ತೇಪೆ.
"ಮಣಿಪಾಲದಲ್ಲಿ ಇಪ್ಪತ್ತೈದು ದಿನ.
ಮಣಿ ಎಲ್ಲಾ ತೆಗಿ ಅಂದ್ರು. ಅಷ್ಟು ಹಗುರ ಕೊರಳು
ಹುಟ್ಟಿದ ಮೇಲೆ ಕಂಡಿರ್ಲಿಲ್ಲ, ಅದೇ ಹೆದರಿಕೆ.
ಬೆಂಕಿಯಿಲ್ಲ, ಸದ್ದಿಲ್ಲ ಹೌದು.
ಬೇಯೂದು ಆಮೇಲೆ."

ನನಗೆಷ್ಟು ಕೊಟ್ಟಿದ್ದರು, ಇದಕ್ಕೆಷ್ಟು?
ಕೇಳಲೇಬೇಕೆಂದರು. ಮೇಡಂಗೆ ಫೋನು ಹಚ್ಚಿದೆ.
ಅವರಿಗೆ ಐವತ್ತು ಇರಬಹುದು, ಅದೂ ದಿನಕ್ಕಿಷ್ಟೆಂದು ಹಂಚಿ;
ಬೀಜಕ್ಕೆ ಒಮ್ಮೆಗೇ ಮುನ್ನೂರು.
ಹೊಸಬಿಯಮ್ಮ ಕೆಮ್ಮು ಬರುವಷ್ಟು ನಕ್ಕರು:
"ಒಣಗಿದ್ದಕ್ಕೆ ತಾಳಿಕೆ ಜಾಸ್ತಿ ತಮಾ. ನಂದು ಹಸಿ ಮೈ."
ಆಚೆ ತುದಿಯಲ್ಲಿ ಮೇಡಂ ಸುಮ್ಮನಾದರು.
ಕಾರಣ ಅದೇ, ಎಂದರು ಆಮೇಲೆ.

ಮೊದಲ ವರ್ಷ ಕುಂಟಿದ್ದು, ಕುರುಚಲು, ಅರ್ಧ ಜೊಳ್ಳು.
ಎರಡನೆಯ ವರ್ಷ ಹತ್ತು ಸಾವಿರ ಗಿಡ.
ಹನ್ನೆರಡು ಸಸಿ ಹಾಲಿನಷ್ಟು ಬೆಳ್ಳಗೆ ಹುಟ್ಟಿದವು,
ಕಾಳೊಳಗಿನ ಬುತ್ತಿ ತೀರುವವರೆಗೆ, ಒಂಬತ್ತು ದಿನ, ಇದ್ದವು.
ಮೇಡಂಗೆ ಇಷ್ಟವಾದದ್ದು ಮೊಣಕಾಲೆತ್ತರದ್ದೊಂದು,
ಗಟ್ಟಿ ಕಡ್ಡಿ, ಗಾಳಿಗೆ ಬಾಗದ್ದು;
ಅದರ ಫೋಟೋ ದೆಹಲಿಯವರೆಗೂ ಹೋಗಿತ್ತು.
ಭಾದ್ರಪದದ ಅಮಾಸೆಗೆ ಒಡ್ಡು ಹರಿಯಿತು.
ಮೂರು ರಾತ್ರಿ ಅಘನಾಶಿನಿ ಗದ್ದೆಯಲ್ಲೇ ಮಲಗಿತು.
ನಾಲ್ಕನೆಯ ಬೆಳಿಗ್ಗೆ ಆ ಸಾಲಿನಲ್ಲಿ
ನನ್ನ ಬಿದಿರ ಗೂಟ ಮಾತ್ರ.

ನಲವತ್ತೊಂದನೆಯ ಸಾಲು, ಏಳನೆಯ ಗಿಡ.
ಎತ್ತರ, ಮೀಸೆ, ಬಣ್ಣ ಎಲ್ಲ ಹಳೆಯದೇ;
ನನ್ನ ಪುಸ್ತಕದಲ್ಲಿ ಅದರೆದುರು 'ವಿಶೇಷವಿಲ್ಲ' ಎಂದಿದೆ.
ಹೊಸಬಿಯಮ್ಮ ಸೊಂಟದ ನೀರಲ್ಲಿ ನಿಂತು
ತೆನೆಯನ್ನು ಅಂಗೈಗೆ ಬಡಿದರು. ಒಂದೂ ಬೀಳಲಿಲ್ಲ.
ಮತ್ತೆ ಬಡಿದರು. ಎರಡು.
ಆ ಎರಡನ್ನು ಬಾಯಿಗೆ ಹಾಕಿಕೊಂಡು
ಹೊಳೆಯ ಕಡೆ ಮುಖ ತಿರುಗಿಸಿದರು.
ನಾನು 'ವಿಶೇಷವಿಲ್ಲ'ದ ಮೇಲೆ ಗೀಟು ಎಳೆದೆ;
ಒದ್ದೆ ಕಾಗದ ಹರಿಯಿತು.

ಕೊನೆಗೆ ಉಳಿದದ್ದು ಒಡ್ಡಿನ ಬದಿಯ ಸಾಲು.
"ಇದಕ್ಕೆ ಎಷ್ಟು ಕೊಟ್ಟಿದ್ರು?"
ಇದು ಸೊನ್ನೆಯಮ್ಮಾ, ಏನೂ ಕೊಡದ್ದು,
ಉಳಿದದ್ದನ್ನು ಹೋಲಿಸಿ ನೋಡಲಿಕ್ಕೆ.

ಕತ್ತಿ ಹಿಡಿದ ಕೈ ಸ್ವಲ್ಪ ಹೊತ್ತು ನೀರ ಮೇಲೆ ನಿಂತಿತು.
"ನನ್ನ ಹೋಲ್ಸಿ ನೋಡೂಕೆ
ಯಾರನ್ನ ಇಟ್ಟಿದ್ರೋ ಏನೋ."

ಪುಸ್ತಕದಲ್ಲಿ ಅದಕ್ಕೆ ಅಂಕಣವಿಲ್ಲ.
ಅವರು ಸೊನ್ನೆಯ ಸಾಲು ಕೊಯ್ದರು, ಮುಡೆ ಕಟ್ಟಲು ಬೇರೆ ಇಟ್ಟರು.
ಎತ್ತುವಾಗ ಕಾಳು ಉದುರಿತು, ಎಂದಿನ ಹಾಗೆ,
ನೀರಿಗೆ, ಮೀನಿಗೆ, ಮುಂದಿನ ಮಳೆಗೆ.