ಬೆಳ್ಳಗಿಂದು

ಕಾರಟಗಿ ಹಾದಿಯ ನಮ್ಮ ಹಾಲಿನ ಸಂಘದ ಶಟರ್
ಮುಂಜಾನೆ ಐದೂವರೆಗೆ ಎತ್ತುತ್ತೇನೆ.
ಸಾಲು ಆಗಲೇ ನಿಂತಿರುತ್ತದೆ, ಕ್ಯಾನುಗಳ ಹಿಂದೆ ಕೆಮ್ಮು.
ತುಪ್ಪದ ಬಸಲಿಂಗಪ್ಪ ತರುವ ಹಾಲು ಕಾಲುವೆ ನೀರಿಗಿಂತ ತೆಳು,
ಮಜ್ಜಿಗಿ ಮರಿಸ್ವಾಮಿಯದು ಇಡೀ ಸಾಲಿಗೆ ಗಟ್ಟಿ.
ಅಡ್ಡಹೆಸರಿಗೂ ಫ್ಯಾಟಿಗೂ ಸಂಬಂಧವಿಲ್ಲ
ಎನ್ನುತ್ತದೆ ಎಂಟು ವರ್ಷದ ರಿಜಿಸ್ಟರು.
ಯಂತ್ರಕ್ಕಂತೂ ಹೆಸರೇ ಬೇಡ. ನಂಬರು ಸಾಕು.

ಕ್ಯಾಂಪಿನ ಮಂಗಾಯಮ್ಮ ಬಂದ ಮೊದಲ ದಿನ
ಚೊಂಬು ಚಾಚಿ "ಪಾಲು" ಅಂದಳು.
ನನ್ನ ಎದೆ ಧಸಕ್ಕೆಂದಿತು.
ಪಾಲು ಅಂದರೆ ನಮ್ಮಲ್ಲಿ
ಹಿರಿಯರು ಕಟ್ಟೆಗೆ ಕೂಡುವುದು, ಹೊಲಕ್ಕೆ ಕಲ್ಲು ನೆಡುವುದು,
ಅತ್ತೆಯ ಹಿತ್ತಾಳೆ ಕೊಡ ನನಗೆ,
ಮೊಸರಿನ ಗಡಿಗೆ, ಕಡಗೋಲು ನೆಗೆಣ್ಣಿಗೆ,
ಒಂದೇ ಗ್ವಾದಲಿಯ ನಡುವೆ ಇಟ್ಟಂಗಿ ಗೋಡೆ ಎದ್ದು
ಎಮ್ಮೆ ಎರಡೂ ಕಡೆ ನೋಡಿ ಒದರುವುದು.

ಸಾಲಿನಲ್ಲಿದ್ದ ಗಾದಿಲಿಂಗಪ್ಪ ಮಾಸ್ತರ ನಕ್ಕರು:
"ಅಂಜಬ್ಯಾಡ ತಂಗಿ, ಆಕಿ ಕೇಳಿದ್ದು ಹಾಲು.
ನಮ್ಮವರೂ ಒಂದು ಕಾಲಕ್ಕ ಪಾಲ್ ಅಂತಿದ್ದರು.
ಪಕಾರ ಸವದು ಹಕಾರ ಆತು,
ಪುಲಿ ಹುಲಿ ಆದಂಗ, ಪೂವು ಹೂವು ಆದಂಗ.
ಹಂಚಿಕೊಳ್ಳೋ ಪಾಲು ಮಾತ್ರ ಸವೀಲಿಲ್ಲ ನೋಡು."

ಮರುವಾರ ಅವಳು ಕೇಳಿದ್ದು ನೆಯ್ಯಿ.
ನಾನು ತುಪ್ಪ ಅಳೆದೆ, ಮಾಸ್ತರ ಮಾತು ಅಳೆದರು:
ಬೆಳ್ಳನೆ ನೆಯ್ ಬೆಣ್ಣೆ, ಎಳ್ಳಿನ ನೆಯ್ ಎಣ್ಣೆ.
ಆ ರಾತ್ರಿ ಒಗ್ಗರಣೆಗೆ ಸುರಿಯುವ ಕೈ ತಡೆಯಿತು.
ಇದು ಶೇಂಗಾದ್ದು. ಎಳ್ಳು ಎಲ್ಲಿಗೆ ಹೋಯಿತು?
ಸೀಮೆಎಣ್ಣೆಯೊಳಗೂ ಎಳ್ಳು ಹುಡುಕುತ್ತ ಕೂತೆ.

"ಹಂಗಾರ ತುಪ್ಪ?" ಎಂದರೆ ಮಾಸ್ತರ ತಲೆ ಕೆರೆದುಕೊಂಡರು.
ಸೊಲ್ಲಾಪುರದ ಟ್ಯಾಂಕರ್ ಡ್ರೈವರು ತೂಪ್ ಅನ್ನುತ್ತಾನೆ.
"ಯಾರು ಯಾರ ಮನಿಗೆ ಕೊಟ್ಟರೋ,
ಬಟ್ಟಲಂತೂ ವಾಪಸು ಬಂದಿಲ್ಲ."

ಹೋದ ಅಮಾಸಿಯ ಹಿಂದಿನ ಸಂಜೆ
ಬೆಕ್ಕು ಪಾತ್ರೆ ಉರುಳಿಸಿತು.
ನೆಲಕ್ಕೆಲ್ಲ ಮೊಸರು, ಹೆಪ್ಪಿಗೆ ಹನಿ ಇಲ್ಲ.
ಪಾಲಾದ ವರ್ಷ ಪಾಕೀಟಿನಿಂದ ಶುರುಮಾಡಿದ್ದು,
ಅದೂ ಅಲ್ಲಿಗೆ ಮುಗಿಯಿತು.
ಊರ ಹಾಲನ್ನೆಲ್ಲ ಅಳೆಯುವವಳ ಮನೆಯಲ್ಲಿ
ಕಾದ ಹಾಲು ಕಾಯುತ್ತ ಕೂತಿತು.
ಮೊಸರಿಗೆ ಮೊಸರೇ ಬೇಕು. ಮೊಟ್ಟಮೊದಲಿನದು
ಎಲ್ಲಿಂದ ಬಂತೋ, ಅದು ಮಾಸ್ತರಿಗೂ ತಿಳಿಯದು.

ಗೋಡೆಯಾಚೆ ನೆಗೆಣ್ಣಿ. ನಾಲ್ಕು ವರ್ಷ ಮಾತಿಲ್ಲ.
ಸಂಘದಲ್ಲಿ ಅವಳು ನಲವತ್ತಾರು, ಹಾಗೇ ಕೂಗುತ್ತೇನೆ.
ದೀಪ ಹಚ್ಚಿದ ಮ್ಯಾಲೆ ಮೊಸರಿನ ಹೆಸರೆತ್ತಬಾರದು,
ಲಕ್ಷ್ಮಿ ಹೊರಬೀಳ್ತಾಳ ಅನ್ನುತ್ತಿದ್ದಳು ಅತ್ತೆ.
ಅವಳ ಹೆಸರೂ ಎತ್ತದೆ, ಅದರ ಹೆಸರೂ ಎತ್ತದೆ
ಬಾಗಿಲಿಗೆ ನಿಂತು ಅಂದೆ:
"ಬೆಳ್ಳಗಿಂದು, ಒಂದು ಚಮಚ."

ಒಳಗೆ ಮುಚ್ಚಳದ ಸದ್ದು.
ಬಟ್ಟಲು ಬಂತು, ಹಿಡಿದ ಬಳೆಗಳು ಬಂದವು,
ಮುಖ ಬರಲಿಲ್ಲ.
"ಅತ್ತಿ ಗಡಿಗಿದು. ಹುಳಿ ಐತಿ."

ಬೆಳಗಿಗೆ ಕಟ್ಟಿತ್ತು, ಕೊಯ್ದು ಇಡುವಷ್ಟು ಗಟ್ಟಿ.
ಬೆರಳದ್ದಿ ನೆಕ್ಕಿದೆ. ಹೌದು, ಅದೇ ಹುಳಿ,
ಅತ್ತೆ ಬಾಯಿ ತೆರೆದಾಗೆಲ್ಲ ಬರುತ್ತಿದ್ದದ್ದು.

ಸಂಘದಲ್ಲಿ ಸಾಲು ಸರಿಯಿತು.
"ನಲವತ್ತಾ" ಅಂದವಳು ನಿಂತೆ.
ಅವಳ ಹೆಸರು ಹಾಲಮ್ಮ.
ಅದು ನನ್ನ ತುಟಿಗೆ ಬರುವಷ್ಟರಲ್ಲಿ
ಯಂತ್ರ ಚೀಟಿ ಉಗುಳಿತು, ಆರು ಪಾಯಿಂಟ್ ಎಂಟು.
ಚೀಟಿ ಮಡಚಿ ಸೊಂಟಕ್ಕೆ ಸಿಕ್ಕಿಸಿ ಹೋದಳು.

ಬಟ್ಟಲು ಇನ್ನೂ ನನ್ನಲ್ಲೇ ಇದೆ.
ಖಾಲಿ ಕೊಡುವ ಹಾಗಿಲ್ಲ.