ಲೆಟ್

ಅರಸೀಕೆರೆ ರೈಲ್ವೆ ಇನ್‌ಸ್ಟಿಟ್ಯೂಟಿನ ಮೇಜಿಗೆ
ಒಂದು ಕಾಲು ಗಿಡ್ಡ.
ಅದರಡಿಗೆ ಹಳೆಯ ಟೈಮ್‌ಟೇಬಲ್ಲು ಮಡಚಿ ಇಟ್ಟಿದ್ದೇವೆ,
ಈಗ ಓಡದ ಗಾಡಿಗಳೆಲ್ಲ ಸೇರಿ ಎತ್ತಿ ಹಿಡಿದಿವೆ.
ನೆಟ್ಟು ಹದಿನೈದೂಕಾಲು ಸೆಂಟಿಮೀಟರು.
ಅಳೆದು ಬಿಗಿಯುವವನು ನಾನು.
ಪಕ್ಕಕ್ಕೆ ಕುರ್ಚಿ ಎಳೆದುಕೊಂಡು
ನೆಟ್ಟಿನ ದಾರದ ಮೇಲೆ ಎರಡು ಬೆರಳಿಟ್ಟು
ಕೂರುವವನೂ.

ಕಿವಿಯ ವಿಷಯ ಯಾರಿಗೂ ಹೇಳಿರಲಿಲ್ಲ.
ಮೂವತ್ತೊಂದು ವರ್ಷದ ಶಂಟಿಂಗ್ ಇಂಜಿನ್ನು
ಮೊದಲು ತಿಂದದ್ದು ಸಣ್ಣಪುಟ್ಟ ಸದ್ದುಗಳನ್ನು:
ಒಗ್ಗರಣೆಯ ಸಾಸಿವೆ,
ಬಾಗಿಲಾಚೆಯ ಬಳೆ,
ಚೆಂಡು ನೆಟ್ಟಿನ ಅಂಚು ಸವರುವಾಗಿನ ಆ ‘ತ್ಸ್’.
ಹೋದರೆ ಹೋಗಲಿ,
ಬೆರಳಿಗೂ ಕಿವಿಯಿದೆ ಎಂದು ನಂಬಿದ್ದೆ.

ಸರ್ವಿಸಿನ ಚೆಂಡು ನೆಟ್ಟು ತಾಗಿ
ಆಚೆ ನೆಟ್ಟಗೆ ಬಿದ್ದರೆ ಲೆಟ್.
ಯಾರಿಗೂ ಪಾಯಿಂಟಿಲ್ಲ, ಮತ್ತೆ ಹಾಕು.
ಮತ್ತೆ ತಾಗಿತೆ? ಮತ್ತೆ.
ಹತ್ತು ಸಲ ತಾಗಲಿ, ಲೆಟ್ಟಿಗೆ ಲೆಕ್ಕವಿಲ್ಲ.
ತಾಗಿ ಈಚೆಯೇ ಉಳಿಯಿತೋ, ಪಾಯಿಂಟು ಹೋಯಿತು.
ಆಟ ಹತ್ತಿಕೊಂಡ ಮೇಲೆ ತಾಗಿದರೆ ಮಾತ್ರ
ತಾಗಲಿ ಬಿಡು, ಆಚೆ ಬಿದ್ದರೆ ಸೈ.

‘ಯಾಕೆ ಸಾರ್ ಎರಡು ನ್ಯಾಯ?’
ಕೇಳಿದ್ದ ಗೇಟ್‌ಮನ್ ದ್ಯಾವಯ್ಯನ ಮಗ.
ಒಂದು ರಾತ್ರಿ ಪೂರ್ತಿ ಯೋಚಿಸಿ
ಮರುದಿನ ಹೇಳಿದೆ:
ಸರ್ವಿಸಿಗೆ ಮೊದಲು ಚೆಂಡು ನಿನ್ನ ಅಂಗೈಯಲ್ಲೇ ಇತ್ತು,
ಯಾರೂ ಅವಸರ ಮಾಡಿರಲಿಲ್ಲ,
ಅಲ್ಲಿ ಅದೃಷ್ಟಕ್ಕೆ ಕೈ ಒಡ್ಡಬಾರದು.
ಆಮೇಲೆ, ಮಗಾ, ಯಾರ ಕೈಲಿ ಏನಿರುತ್ತೆ?

ನಿನ್ನೆ ಫೈನಲ್ಲು.
ಬುಕಿಂಗ್ ಕೌಂಟರಿನ ಜಬೀನಾ, ಪಾಯಿಂಟ್ಸ್‌ಮನ್ ಸಾಲೊಮನ್.
ಗೆದ್ದವರಿಗೆ ಸ್ಟೀಲ್ ಫ್ಲಾಸ್ಕು, ಕೊಬ್ಬರಿ ಹಾರ.
ಐದನೇ ಗೇಮು, ಹತ್ತು ಒಂಬತ್ತು,
ಸರ್ವಿಸು ಜಬೀನಾದು. ಒಂದೇ ಒಂದು ಬೇಕು.

ಅಷ್ಟರಲ್ಲಿ ಹುಬ್ಬಳ್ಳಿ ಕಡೆಯ ಗೂಡ್ಸು ಬಂತು.
ಐವತ್ತೆಂಟು ವ್ಯಾಗನ್ನು.
ಕಿಟಕಿ ನಡುಗಿತು, ಮೇಜು ನಡುಗಿತು,
ಮೇಜಿನಡಿಯ ಟೈಮ್‌ಟೇಬಲ್ಲು,
ನೆಟ್ಟು, ನೆಟ್ಟಿನ ಮೇಲಿನ ಬೆರಳು.
ಅವಳು ಹಾಕಿದಳು. ಲೆಟ್ ಅಂದೆ.
ಹಾಕಿದಳು. ಲೆಟ್.
ಮೂರನೆಯದು ಸಾಲೊಮನ್ನನ ಬ್ಯಾಟಿಗೆ ಸಿಗದೆ
ಗೋಡೆಯ ಕ್ಯಾಲೆಂಡರಿಗೆ ಬಡಿಯಿತು.
ಜನ ಎದ್ದು ನಿಂತರು.
ಲೆಟ್, ಅಂದೆ.

ಜಬೀನಾ ನನ್ನನ್ನು ನೋಡಿದಳು,
ಅವನನ್ನು ನೋಡಿದಳು.
ಅವನ ಖಾಲಿ ಕೈಯ ತೋರುಬೆರಳು
ತೊಡೆಯ ಹತ್ತಿರ ಮಡಚಿಕೊಂಡೇ ಇತ್ತು.
ಆಗ ಹೊಳೆಯಿತು.
ತಾಗಿದಾಗಲೆಲ್ಲ ಆ ಬೆರಳು ಮೊದಲು ಏಳುತ್ತಿತ್ತು,
ಅವನದೋ, ಅವಳದೋ, ದ್ಯಾವಯ್ಯನ ಮಗನದೋ,
ಆಮೇಲೆ ನನ್ನ ಬಾಯಿ.
ಎಷ್ಟು ವರ್ಷದಿಂದ?
ಇಡೀ ಇನ್‌ಸ್ಟಿಟ್ಯೂಟು ನನಗೆ ಸಿಗ್ನಲ್ಲು ಕೊಟ್ಟು
ಗಾಡಿ ಬಿಡುತ್ತಿತ್ತು.
ನಾನು ಇಂಜಿನ್ ನನ್ನದೆಂದುಕೊಂಡಿದ್ದೆ.

ಬಾಯಿ ತೆರೆದೆ.
ಅಷ್ಟರಲ್ಲಿ ಅವಳು ಚೆಂಡು ಹೆಕ್ಕಿ
ಅಂಗೈ ಮೇಲಿಟ್ಟುಕೊಂಡು ನಿಂತಾಗಿತ್ತು.
ಗೂಡ್ಸಿನ ಕೊನೆಯ ಡಬ್ಬಿ ದಾಟಿತು.
ನಾಲ್ಕನೇ ಸರ್ವಿಸು, ಆರೇಳು ಹೊಡೆತ,
ಸಾಲೊಮನ್ನನ ಚೆಂಡು ನೆಟ್ಟಿನ ನೆತ್ತಿ ಏರಿ
ಅತ್ತಲೋ ಇತ್ತಲೋ ಎಂದು ಚಣ ಯೋಚಿಸಿ
ಅವಳ ಕಡೆ ಸತ್ತುಬಿತ್ತು.
ಅವನು ಕೈ ಎತ್ತಿ ಕ್ಷಮೆ ಕೇಳಿದ.
ನಿಯಮದಲ್ಲಿ ಅದಿಲ್ಲ, ಬರೀ ವಾಡಿಕೆ.
ನಾನು ಕೈ ಎತ್ತಲಿಲ್ಲ.

ಹತ್ತು ಹನ್ನೆರಡು.
ಹಾರ ಪಾಯಿಂಟ್ಸ್‌ಮನ್ನಿನ ಕೊರಳಿಗೆ.

ಎಲ್ಲರೂ ಹೋದ ಮೇಲೆ ನೆಟ್ಟು ಬಿಚ್ಚುವಾಗ
ಜಬೀನಾ ಇನ್ನೊಂದು ತುದಿಯ ತಿರುಪು ಸಡಿಲಿಸಿದಳು.
ಒಂದು ಮಾತೂ ಆಡಲಿಲ್ಲ,
ಅಥವಾ ಆಡಿದಳೇನೋ.
ನೆಟ್ಟು ಸುತ್ತುತ್ತಾ ಹೇಳಿದೆ:
‘ಬರೋ ಭಾನುವಾರಕ್ಕೆ ಬೇರೆ ಅಂಪೈರು ನೋಡ್ಕೊಳ್ಳಮ್ಮ.’

ಅವಳು ದೀಪದ ಕೆಳಗೆ, ನನಗೆ ಕಾಣುವ ಹಾಗೆ ನಿಂತು,
ತೋರುಬೆರಳು ಎತ್ತಿದಳು.